ಬ್ಯಾಡಗಿಯಿಂದ, ಕೌದಿ ಹೊದ್ದುಕೊಂಡು

ಬ್ಯಾಡಗಿ
ವಿಜಯದಶಮಿ, ರಾತ್ರಿ

ಪ್ರೀತಿಯ ಸುಮಾ,

ಊರು ಬಿಟ್ಟು ನಾಲ್ಕು ದಿನವಾದರೂ ಕಾಗದ ಇಲ್ಲ ಅಂತ ಬೈಕೋಬೇಡ. ಹೊರಡುವಾಗ ನೀನು ಹೇಳಿದ ಕತೆ ತಲೆಯಲ್ಲೇ ಕೂತಿದೆ. ಎಲ್ಲೋ ಒಂದು ಲೋಕ, ಅಲ್ಲೊಂದು ಬಟ್ಟೆ, ಹೊದ್ದವರಿಗೆ ಕಾಲ ಹಿಂದುಮುಂದಾಗುತ್ತೆ. ಬಟ್ಟೆ ನೋಡೋಕೆ ಹೇಗಿರುತ್ತೆ ಅಂದಿದ್ದಕ್ಕೆ 'ಬೆಳ್ಳಿ ಹಾಗೆ ಮಿಂಚುತ್ತೆ' ಅಂದೆ. ಅವತ್ತೇ ನನಗೆ ಅದು ಹಿಡಿಸಿರಲಿಲ್ಲ.

ಹಾವೇರಿಯಲ್ಲಿ ಇದ್ದದ್ದು ಅರ್ಧ ದಿನ. ಸಿದ್ಧೇಶ್ವರನ ಗುಡಿ ನೋಡಿದೆ, ಅಪ್ಪನಿಗೆ ಏಲಕ್ಕಿ ಹಾರ ಕೊಂಡೆ (ಬೆಲೆ ಮಾತ್ರ ಕೇಳಬೇಡ). ಮೈಲಾರ ಮಹಾದೇವಪ್ಪನವರ ಸ್ಮಾರಕಕ್ಕೂ ಹೋಗಿ ಬಂದೆ. ನಮ್ಮ ದೊಡ್ಡವ್ವನ ಊರಿನ ಪಕ್ಕದ ಮೋಟೆಬೆನ್ನೂರಿನವರು. 1930ರಲ್ಲಿ ಗಾಂಧೀಜಿ ಜೊತೆ ದಂಡಿಗೆ ನಡೆದಾಗ ಇನ್ನೂ 18 ವರ್ಷ. 1943ರಲ್ಲಿ ಹೊಸರಿತ್ತಿಯಲ್ಲಿ ಪೊಲೀಸರ ಗುಂಡಿಗೆ ಬಲಿಯಾದರು. ಅಷ್ಟು ಚಿಕ್ಕ ಆಯುಸ್ಸಿನಲ್ಲಿ ಖಾದಿ ನೂತರು, ಹಳ್ಳಿ ಹಳ್ಳಿಗೆ ನೂಲುವುದನ್ನು ಕಲಿಸಿದರು.

ಅಲ್ಲಿಂದ ರಾಣೆಬೆನ್ನೂರಿಗೆ. ಆಯುಧಪೂಜೆ ದಿನ ಅಲ್ಲೇ ಹತ್ತಿರದ ದೇವರಗುಡ್ಡದಲ್ಲಿ ಕಾರ್ಣಿಕ, ಬರೋ ವರ್ಷದ ಭವಿಷ್ಯ ನುಡಿಯೋದು. ಆ ಜನ! ಹಣೆ, ತಲೆ, ರಸ್ತೆ, ಎತ್ತಿನ ಕೊಂಬು, ಎಲ್ಲಾ ಕಡೆ ಭಂಡಾರದ ಹಳದಿ. ನಡುವೆ ನೆಟ್ಟಗೆ ನಿಲ್ಲಿಸಿದ ಎತ್ತರದ ಬಿಲ್ಲು. ದಿನಗಟ್ಟಲೆ ಉಪವಾಸವಿದ್ದ ಗೊರವಪ್ಪ ಅದನ್ನು ಸರಸರ ಏರಿದ. ಮೈಮೇಲೆ ಕರಿ ಕಂಬಳಿ. ಮೇಲೆ ನಿಂತು 'ಸದ್ದಲೇ' ಅಂದದ್ದೇ ತಡ, ಅಷ್ಟು ಸಾವಿರ ಬಾಯಿ ಮುಚ್ಚಿದವು. ಅಳುತ್ತಿದ್ದ ಕೂಸೂ ಸುಮ್ಮನಾಯಿತು ಅಂದರೆ ನಂಬು. ಒಂದೇ ಮಾತು, ಆಮೇಲೆ ಮೇಲಿಂದ ಜಾರಿ ಬಿದ್ದ, ಕೆಳಗಿದ್ದವರು ಹಿಡಿದರು.

ನಾನು ನಿಂತ ಜಾಗಕ್ಕೆ ಆ ಮಾತು ಪೂರ್ತಿ ಕೇಳಿಸಲಿಲ್ಲ. ಪಕ್ಕದಲ್ಲಿದ್ದವರಿಗೂ ಅಷ್ಟೆ. ಆದರೂ ಎರಡೇ ನಿಮಿಷದಲ್ಲಿ ಅರ್ಥ ಹೇಳುವವರು ಹುಟ್ಟಿಕೊಂಡರು. ಒಬ್ಬರಿಗೆ ಮುಂಗಾರು ಛಲೋ, ಇನ್ನೊಬ್ಬರಿಗೆ ಗೋವಿನಜೋಳದ ರೇಟು ಏರುತ್ತೆ, ಮೂರನೆಯವರಿಗೆ ಸರ್ಕಾರ ಬೀಳುತ್ತೆ. ಮುಂದಿನ ವರ್ಷವನ್ನು ಬಿಲ್ಲಿನ ತುದಿಯಿಂದ ಎಳೆದು ತಂದು ಎಲ್ಲರಿಗೂ ಬೇಕಾದ ಅಳತೆಗೆ ಕತ್ತರಿಸಿ ಕೊಟ್ಟಂಗಿತ್ತು.

ಜಾತ್ರೆಯಲ್ಲಿ ಕಂಬಳಿ ಮಾರುತ್ತಿದ್ದ ಮುದುಕನ ಹತ್ತಿರ ಕೂತು ಒಂದನ್ನು ಬಿಚ್ಚಿಸಿ ನೋಡಿದೆ. ಬಣ್ಣ ಹಾಕಿದ್ದಲ್ಲ, ಕುರಿಯ ಕಪ್ಪೇ ಕಂಬಳಿಯ ಕಪ್ಪು. ನೂಲಿಗೆ ಹುಣಸೆ ಬೀಜದ ಗಂಜಿ ಕೊಟ್ಟಿರೋದರಿಂದ ಹೊಸದರಲ್ಲಿ ಹಪ್ಪಳದ ಹಾಗೆ ಸೆಟೆದಿರುತ್ತೆ. 'ಮಳಿ ಒಳಗ ಬಿಡಂಗಿಲ್ರಿ' ಅಂದ. ನಾನು ಅಲ್ಲೊಂದು ಇಲ್ಲೊಂದು ಎಳೆ ಕಿತ್ತುಕೊಂಡು ಕೂತಿದ್ದಕ್ಕೆ ನಕ್ಕು, 'ಕಂಬಳ್ಯಾಗ ಕುಂತು ಕೂದಲಾ ಆರಸ್ತೀರಲ್ರೀ' ಅಂದುಬಿಟ್ಟ. ಗಾದೆಯನ್ನು ಅದರ ಸ್ವಂತ ಜಾಗದಲ್ಲೇ ಅನ್ನಿಸಿಕೊಂಡೆ ನೋಡು.

ನಿನ್ನ ಕತೆಗೆ ಆ ಕಂಬಳಿ ಸಾಕು ಅಂತಲೇ ಬ್ಯಾಡಗಿಗೆ ಬಂದೆ. ನಿನ್ನೆ ರಾತ್ರಿ ದೊಡ್ಡವ್ವ ಒಂದು ಕೌದಿ ಹೊದಿಸಿದಳು. ಹೊಸ ಮೆಣಸಿನಕಾಯಿ ಪೇಟೆಗೆ ಬರೋದಕ್ಕೆ ಇನ್ನೂ ಎರಡು ತಿಂಗಳಿದ್ದರೂ ಕೌದಿಗೆ ಅದರದೇ ವಾಸನೆ. ಬ್ಯಾಡಗಿ ಕಾಯಿ ಖಾರ ಕಡಿಮೆ, ಬಣ್ಣಕ್ಕೇ ಹೆಸರು ಅಂತಾರೆ. ನನ್ನ ಮೂಗಿಗೆ ಅದು ತಿಳಿದಿಲ್ಲ, ಮೂರು ಸಲ ಸೀನಿದೆ.

ಬೆಳಿಗ್ಗೆ ಬಿಸಿಲಿಗೆ ಹರವಿದಾಗ ದೊಡ್ಡವ್ವ ಒಂದೊಂದೇ ತುಂಡು ಮುಟ್ಟಿ ಹೇಳಿದಳು. 'ಇದು ನಿಮ್ಮ ಅಮ್ಮನ ಇಳಕಲ್ಲ ಸೀರಿ ಸೆರಗ. ಇದು ನಿಮ್ಮಪ್ಪನ ಕಾಲೇಜಿನ ಅಂಗಿ. ಈ ಹೂವಿಂದು ಸುಮಿ ಲಂಗ, ಹಟ ಮಾಡಿ ಹರಕೊಂಡಿದ್ದಳು.' ಅಮ್ಮ ಅಂದರೆ ನಮ್ಮ ಅಜ್ಜಿ. ಇಲ್ಲಿ ಹಾಗೇ ಅಂತಾರೆ. ಅಜ್ಜಿ ತೀರಿಕೊಂಡ ಮೇಲೆ ಹುಟ್ಟಿದ ನಿನ್ನ ಲಂಗ ಅವಳ ಸೆರಗಿಗೆ ಅಂಟಿಕೊಂಡಿದೆ ಸುಮಾ, ನಡುವೆ ಒಂದು ಬೆರಳಿನ ಜಾಗವಿಲ್ಲ. ಹೊಲಿಗೆ ಅಂಚಿನಿಂದ ಶುರುವಾಗಿ ಒಳಗೊಳಗೇ ತಿರುಗಿ ನಡುವಿಗೆ ಬರುತ್ತೆ. ಸಣ್ಣ ಸಣ್ಣ ಹೊಲಿಗೆ, ಎಲ್ಲೂ ನೆಟ್ಟಗಿಲ್ಲ.

ಒಂದು ಮೂಲೆಯಲ್ಲಿ ಅಪ್ಪನ ಅಂಗಿ ಸವೆದು ಜಾಳಾಗಿತ್ತು. ಅದರೊಳಗಿಂದ ಯಾವುದೋ ಕೆಂಪು ಬಟ್ಟೆ ಇಣುಕುತ್ತಿತ್ತು. ಕೇಳಿದರೆ, 'ಅದು ಒಳಗಿನ ಕೌದಿ' ಅಂದಳು. ಕೌದಿ ಹಳತಾದರೆ ಎಸೆಯೋದಿಲ್ಲವಂತೆ, ಮೇಲೆ ಇನ್ನೊಂದು ಪದರ ಹಾಕಿ ಹೊಲಿಯುತ್ತಾರೆ. ಒಳಗಿನದು ಅಜ್ಜಿಯ ಅತ್ತೆ ಹೊಲಿದದ್ದು. ಆ ಕೆಂಪು ಯಾರ ಕುಪ್ಪಸದ ಖಣವೋ ದೊಡ್ಡವ್ವನಿಗೂ ನೆನಪಿಲ್ಲ.

ಹೊದ್ದು ಹೊದ್ದು ಸವೆದಷ್ಟೂ ಮೊದಲು ನೀನು ಹೋಗ್ತೀ, ಆಮೇಲೆ ಅಪ್ಪ, ಆಮೇಲೆ ಅಜ್ಜಿ, ಆಮೇಲೆ ನಮಗೆ ಹೆಸರೂ ಗೊತ್ತಿಲ್ಲದವರು ಒಬ್ಬೊಬ್ಬರಾಗಿ ಮೇಲಕ್ಕೆ ಬರ್ತಾರೆ. ಗೊರವಪ್ಪನ ಕಂಬಳಿ ಬಿಡು, ಅದು ವರ್ಷಕ್ಕೊಂದು ಮಾತು. ನಿನ್ನ ಕತೆಗೆ ಇದನ್ನು ತಗೋ. ಮಿಂಚಿಸಬೇಡ ಮಾತ್ರ.

ಮಂಗಳವಾರ ಹೊರಡ್ತೀನಿ. ಅಷ್ಟರೊಳಗೆ ನಿನ್ನದೊಂದು ಹಳೇ ಸೀರೆ ಪಾರ್ಸೆಲ್ ಮಾಡು, ದೊಡ್ಡವ್ವ ಸಂಕ್ರಾಂತಿಗೆ ಮೇಲಿನ ಪದರ ಹಾಕಬೇಕಂತೆ. ಹತ್ತಿಯದೇ ಆಗಬೇಕು. ಪಾಲಿಸ್ಟರ್ ಕಳಿಸಿದರೆ ವಾಪಸ್ ಬರುತ್ತೆ ಅಂತ ಹೇಳು ಅಂದಿದ್ದಾಳೆ.

ನಿನ್ನ
ಅಕ್ಕ