ಡಿ ಅಂಗಳದ ನಾಲ್ಕು ರಾತ್ರಿ

ಚಿಲಕದ ಸರಳಿನಲ್ಲೊಂದು ಹಳೆಯ ಬೆಸುಗೆ ಇತ್ತು. ಎಂದೋ ಎರಡು ತುಂಡು ಕೂಡಿಸಿ ಬೆಸೆದಿದ್ದರು. ಅದರ ಮೇಲೆ ಬಣ್ಣದ ಮೇಲೆ ಬಣ್ಣ ಬಳಿದು, ಒಳಗಿನ ದೋಷ ಯಾರ ಕಣ್ಣಿಗೂ ಬೀಳದಂತಾಗಿತ್ತು. 1971ರ ಸೆಪ್ಟೆಂಬರ್ 9, ಗುರುವಾರ. ಬೆಳಗ್ಗೆ ಒಂಬತ್ತರ ಸುಮಾರಿಗೆ ಅಟಿಕಾ ಜೈಲಿನ ಕೈದಿಗಳು ಮೈಭಾರವನ್ನೆಲ್ಲ ಹಾಕಿ ಆ ಕಬ್ಬಿಣದ ಗೇಟಿಗೆ ಗುದ್ದಿದರು, ಜಗ್ಗಿದರು, ಮತ್ತೆ ಗುದ್ದಿದರು. ಬೆಸುಗೆ ಬಿಟ್ಟಿತು. ಗೇಟು ಬಿತ್ತು.

ಆ ಗೇಟಿನಾಚೆ ಇದ್ದದ್ದು ಜೈಲಿನ ನಾಲ್ಕೂ ಸುರಂಗದಾರಿಗಳು ಕೂಡುವ ಚೌಕ. ಅದನ್ನು ಎಲ್ಲರೂ ‘ಟೈಮ್ಸ್ ಸ್ಕ್ವೇರ್’ ಎನ್ನುತ್ತಿದ್ದರು. ಬೀಗದ ಕೈಗಳಿದ್ದದ್ದು ಅಲ್ಲಿ. ಅಲ್ಲಿದ್ದ ವಾರ್ಡರ್ ವಿಲಿಯಂ ಕ್ವಿನ್ ತಲೆಗೆ ಏಟು ಬಿದ್ದು ನೆಲಕ್ಕುರುಳಿದ. ಕೀಲಿಗಳು ಕೈದಿಗಳ ಕೈಗೆ ಬಂದವು. ಬಾಗಿಲ ಹಿಂದೆ ಬಾಗಿಲು ತೆರೆಯಿತು. ಕಾವಲಿನವರು ಸಹಾಯಕ್ಕೆ ಫೋನ್ ಎತ್ತಿಕೊಂಡರೆ, ಒಂದು ಹೊತ್ತಿಗೆ ಒಂದೇ ಕರೆ ಹೋಗುವ ಹಳೆಯ ತಂತಿ ಅದು! ಒಬ್ಬ ಮಾತಾಡುತ್ತಿದ್ದರೆ ಉಳಿದವರ ಕೂಗು ಗೋಡೆಗೆ. ಬೆಳಗು ಮುಗಿಯುವಷ್ಟರಲ್ಲಿ ನ್ಯೂಯಾರ್ಕ್ ರಾಜ್ಯದ ಅತಿ ಭದ್ರ ಜೈಲುಗಳಲ್ಲೊಂದಾದ, ಮೂವತ್ತು ಅಡಿ ಎತ್ತರದ ಗೋಡೆಯ ಅಟಿಕಾದ ಒಳಭಾಗ ಅದರ ಕೈದಿಗಳ ವಶದಲ್ಲಿತ್ತು.

ಆದರೆ ಈ ಕಥೆ ಆ ಗೇಟಿನಿಂದ ಶುರುವಾದದ್ದಲ್ಲ. ಸುಮಾರು ಸಾವಿರದಾರುನೂರು ಮಂದಿಗೆಂದು ಕಟ್ಟಿದ ಜೈಲಿನಲ್ಲಿ ಅಂದು 2,200ಕ್ಕೂ ಹೆಚ್ಚು ಜನರಿದ್ದರು. ಅರ್ಧಕ್ಕಿಂತ ಹೆಚ್ಚಿನವರು ಕರಿಯರು, ಜೊತೆಗೆ ಪೋರ್ಟೊರಿಕೊದವರು. ಕಾಯುವವರು ಹೆಚ್ಚುಕಡಿಮೆ ಎಲ್ಲರೂ ಸುತ್ತಲಿನ ಹಳ್ಳಿಗಳ ಬಿಳಿಯರು. ಸ್ನಾನ ವಾರಕ್ಕೊಂದು ಸಲ. ಶೌಚದ ಕಾಗದ ತಿಂಗಳಿಗೊಂದು ಸುರುಳಿ. ದಿನಕ್ಕೆ ಹದಿನಾಲ್ಕು ಹದಿನಾರು ಗಂಟೆ ಕೋಣೆಯೊಳಗೆ. ಒಬ್ಬನ ದಿನದ ಊಟಕ್ಕೆ ಸರಕಾರ ಎತ್ತಿಟ್ಟದ್ದು 63 ಸೆಂಟ್. ದಿನವಿಡೀ ದುಡಿದರೆ ಹೆಚ್ಚಿನವರಿಗೆ ಸಿಗುತ್ತಿದ್ದ ಕೂಲಿ ಅದರ ಅರ್ಧವೂ ಇಲ್ಲ. ಕಾಗದಗಳನ್ನು ಮೊದಲು ಅಧಿಕಾರಿಗಳು ಓದುತ್ತಿದ್ದರು. ಸ್ಪ್ಯಾನಿಷಿನಲ್ಲಿ ಬರೆದದ್ದು ಅವರಿಗೆ ಅರ್ಥವಾಗದು ಎಂಬ ಕಾರಣಕ್ಕೇ ಎಷ್ಟೋ ತಾಯಂದಿರ ಕಾಗದಗಳು ಮಕ್ಕಳ ಕೈ ಸೇರಲಿಲ್ಲ. ನನಗೆ ಇವೆಲ್ಲದರಲ್ಲಿ ಹೆಚ್ಚು ಚುಚ್ಚುವುದು ಆ ಶೌಚದ ಕಾಗದದ ಸುರುಳಿ. ಮೂವತ್ತು ದಿನಕ್ಕೆ ಒಂದು ಎಂದು ಲೆಕ್ಕ ಹಾಕಿ, ಬರೆದು, ರುಜು ಮಾಡಿದ ಒಬ್ಬ ಅಧಿಕಾರಿ ಎಲ್ಲೋ ಇದ್ದನಲ್ಲ!

ಅವರು ಬಾಯಿ ಬಿಟ್ಟು ಕೇಳಿರಲಿಲ್ಲ ಎಂದೇನಲ್ಲ. ಜುಲೈನಲ್ಲಿ ಐದು ಮಂದಿ ಕೈದಿಗಳು ರುಜು ಹಾಕಿ 27 ಬೇಡಿಕೆಗಳ ಮನವಿಯನ್ನು ಬಂದೀಖಾನೆಗಳ ಕಮಿಷನರ್ ರಸೆಲ್ ಆಸ್ವಾಲ್ಡನಿಗೂ ಗವರ್ನರ್ ನೆಲ್ಸನ್ ರಾಕ್‌ಫೆಲರನಿಗೂ ಕಳಿಸಿದ್ದರು. ರುಜು ಹಾಕಿದವರಲ್ಲಿ ಡಾನಲ್ಡ್ ನೋಬಲ್ ಒಬ್ಬ. ಈ ಹೆಸರು ನೆನಪಿಟ್ಟುಕೊಳ್ಳಿ. ಆಗಸ್ಟ್ 21ರಂದು ದೂರದ ಕ್ಯಾಲಿಫೋರ್ನಿಯಾದ ಸ್ಯಾನ್ ಕ್ವೆಂಟಿನ್ ಜೈಲಿನಲ್ಲಿ, ಕೈದಿಗಳ ದನಿಯಾಗಿದ್ದ ಕರಿಯ ಕೈದಿ ಜಾರ್ಜ್ ಜಾಕ್ಸನ್ ಗುಂಡಿಗೆ ಬಲಿಯಾದ. ಮರುದಿನ ಬೆಳಗ್ಗೆ ಅಟಿಕಾದ ಊಟದ ಮನೆಯಲ್ಲಿ ನೂರಾರು ಜನ ಕಪ್ಪು ಪಟ್ಟಿ ಕಟ್ಟಿಕೊಂಡು ಕೂತರು. ತಟ್ಟೆ ಮುಟ್ಟಲಿಲ್ಲ, ತುಟಿ ಬಿಚ್ಚಲಿಲ್ಲ. ಆ ಮೌನಕ್ಕೆ ವಾರ್ಡರುಗಳು ಬೆವೆತರು. ಸೆಪ್ಟೆಂಬರ್ ಮೊದಲ ವಾರ ಆಸ್ವಾಲ್ಡ್ ಬಂದ. ಆದರೆ ಕೈದಿಗಳೆದುರು ನಿಂತು ಮಾತಾಡದೆ, ಸ್ವಲ್ಪ ತಾಳಿಕೊಳ್ಳಿ ಎಂದು ಧ್ವನಿಮುದ್ರಿಸಿಟ್ಟು ಹೊರಟುಹೋದ. ಕೋಣೆಕೋಣೆಯಲ್ಲಿ ಕಿವಿಗೆ ಹಚ್ಚಿಕೊಂಡು ಕೇಳಿದವರಿಗೆ ಮೈ ಉರಿದುಹೋಯಿತು. ಎಂಟನೇ ತಾರೀಕು ಅಂಗಳದಲ್ಲಿ ಒಬ್ಬ ಅಧಿಕಾರಿಯೊಡನೆ ತಳ್ಳಾಟ, ರಾತ್ರಿ ಇಬ್ಬರನ್ನು ಎಳೆದೊಯ್ದು ಒಂಟಿ ಕೋಣೆಗೆ ಹಾಕಿದರು. ಅವರನ್ನು ಹೊಡೆದು ಕೊಲ್ಲುತ್ತಾರೆ ಎಂದೇ ಉಳಿದವರು ನಂಬಿದರು. ಒಂಬತ್ತರ ಬೆಳಗ್ಗೆ ತಿಂಡಿ ಮುಗಿಸಿ ಹೊರಟವರಿಗೆ ಅಂಗಳದ ಬಾಗಿಲು ಬೀಗ ಹಾಕಿತ್ತು. ಯಾಕೆಂದು ಹೇಳುವವರಿಲ್ಲ. ಹಿಂದಿನ ದಿನದ ಅದೇ ಅಧಿಕಾರಿ ಸುರಂಗದೊಳಗೆ ಎದುರಿಗೆ ನಡೆದು ಬರುತ್ತಿದ್ದ. ಮೊದಲ ಏಟು ಬಿತ್ತು.

ಆ ಮೊದಲ ಗಂಟೆಗಳು ಭೀಕರ. ಸುಳ್ಳು ಹೇಳುವುದಿಲ್ಲ, ಕೈದಿಗಳು ಸಿಕ್ಕವರಿಗೆ ಸಿಕ್ಕದ್ದರಲ್ಲಿ ಹೊಡೆದರು, ಬೆಂಕಿ ಹಚ್ಚಿದರು. ಆದರೆ ಅದೇ ಗಂಟೆಗಳಲ್ಲಿ ಬೇರೆಯದೂ ನಡೆಯಿತು. ಹರೆಯದ ವಾರ್ಡರ್ ಮೈಕಲ್ ಸ್ಮಿತ್‌ನ ಮೇಲೆ ಗುಂಪು ನುಗ್ಗಿದಾಗ ಅಡ್ಡ ನಿಂತದ್ದು ಕೈದಿಗಳೇ, ಅವರಲ್ಲಿ ನೋಬಲ್. ಪ್ರಜ್ಞೆ ತಪ್ಪಿದ ಕ್ವಿನ್‌ನನ್ನು ಹಾಸಿಗೆಯ ಮೇಲೆ ಮಲಗಿಸಿ ಹೊತ್ತು ಹೊರಬಾಗಿಲಿಗೆ ಮುಟ್ಟಿಸಿದವರೂ ಕೈದಿಗಳು.

ಡಿ ಅಂಗಳದಲ್ಲಿ 1,281 ಜನ ಕೂಡಿದರು. ನಡುವೆ ನಲವತ್ತರಷ್ಟು ಒತ್ತೆಯಾಳುಗಳು. ಅವರ ಸುತ್ತ ಮುಸ್ಲಿಂ ಕೈದಿಗಳು ತೋಳಿಗೆ ತೋಳು ಹೆಣೆದು ಕೋಟೆಯಾಗಿ ನಿಂತರು, ಸಿಟ್ಟಿಗೆದ್ದ ಯಾರೂ ಒಳನುಗ್ಗಬಾರದು. ಒತ್ತೆಯಾಳುಗಳ ಸಮವಸ್ತ್ರ ಬಿಚ್ಚಿಸಿ ಕೈದಿಗಳ ಬಟ್ಟೆ ತೊಡಿಸಿದರು. ಈ ಬಟ್ಟೆಯನ್ನೂ ನೆನಪಿಡಿ. ಅಂಗಳದಲ್ಲಿ ಒಂದೂರೇ ಎದ್ದಿತು: ಹೊದಿಕೆಗಳ ಡೇರೆ, ಶೌಚಕ್ಕೆ ತೋಡಿದ ಗುಂಡಿ, ಊಟ ಹಂಚುವ ಸಾಲು, ಗಾಯಕ್ಕೆ ಪಟ್ಟಿ ಕಟ್ಟುವ ಮೇಜು, ಗುಂಪುಗುಂಪಾಗಿ ಆರಿಸಿದ ಮುಂದಾಳುಗಳು. ಎಲ್.ಡಿ. ಬಾರ್ಕ್ಲಿ ಎಂಬ 21ರ ಹುಡುಗ ಟಿವಿ ಕ್ಯಾಮೆರಾಗಳೆದುರು ಎದ್ದು, ನಾವು ಮನುಷ್ಯರು, ಪ್ರಾಣಿಗಳಂತೆ ಹೊಡೆತ ತಿನ್ನಲು ಒಲ್ಲೆವು ಎಂದು ಓದಿ ಹೇಳಿದ.

ರಾತ್ರಿ ಆಯಿತು. ಬೆಂಕಿಯ ಸುತ್ತ ಕೂತವರಲ್ಲಿ ಒಬ್ಬ ಮುದುಕ ತಲೆ ಎತ್ತಿ ನೋಡಿದ. ಇಪ್ಪತ್ತೆರಡು ವರ್ಷದಿಂದ ಆತ ನಕ್ಷತ್ರ ನೋಡಿರಲಿಲ್ಲ.

ಶುಕ್ರವಾರ, ಶನಿವಾರ ಮಾತುಕತೆ. ಪತ್ರಕರ್ತ ಟಾಮ್ ವಿಕರ್, ವಕೀಲ ವಿಲಿಯಂ ಕುನ್‌ಸ್ಲರ್, ಶಾಸಕ ಆರ್ಥರ್ ಈವ್ ಮುಂತಾದವರು ನಿದ್ದೆಗೆಟ್ಟು ಗೋಡೆಯ ಒಳಗೂ ಹೊರಗೂ ಓಡಾಡಿದರು. ಆಸ್ವಾಲ್ಡ್ 28 ಅಂಶಗಳಿಗೆ ಒಪ್ಪಿದ. ಹೊಟ್ಟೆ ತುಂಬ ಊಟ, ಸ್ನಾನ, ವೈದ್ಯ, ಧರ್ಮದ ಸ್ವಾತಂತ್ರ್ಯ, ಎಲ್ಲಕ್ಕೂ ಹೂಂ ಎಂದ. ಮೊದಲೇ ಕೊಡಬಹುದಾಗಿದ್ದ ಸಂಗತಿಗಳು! ಕೊಕ್ಕೆ ಉಳಿದದ್ದು ಕ್ಷಮಾದಾನದ್ದು. ಶನಿವಾರ ಆಸ್ಪತ್ರೆಯಲ್ಲಿ ಕ್ವಿನ್ ತೀರಿಕೊಂಡ. ಇನ್ನು ಕೈಗೆ ಸಿಕ್ಕವರೆಲ್ಲ ಕೊಲೆ ಆಪಾದಿತರು. ಗವರ್ನರ್ ಒಮ್ಮೆ ಬಂದು ನಿಲ್ಲಲಿ, ಅಷ್ಟು ಸಾಕು ಎಂದು ಮಧ್ಯಸ್ಥರು ಬೇಡಿದರು, ಒತ್ತೆಯಾಳುಗಳೂ ಕ್ಯಾಮೆರಾದೆದುರು ಬೇಡಿದರು. ರಾಕ್‌ಫೆಲರ್ ಬರಲಿಲ್ಲ. ಬಂದಿದ್ದರೆ ಏನಾಗುತ್ತಿತ್ತು ಎಂದು ಯಾರೂ ಆಣೆ ಮಾಡಿ ಹೇಳಲಾರರು. ಆದರೂ ನಲವತ್ತು ಜೀವ ತಕ್ಕಡಿಯಲ್ಲಿದ್ದಾಗ ಒಂದು ಹಗಲಿನ ಪ್ರಯಾಣ ದೊಡ್ಡದಾಗಬಾರದಿತ್ತು.

ಭಾನುವಾರ ರಾತ್ರಿ ಮಳೆ ಹಿಡಿಯಿತು. ಡೇರೆಗಳು ಸೋರಿದವು, ಅಂಗಳ ಕೆಸರು ಗದ್ದೆಯಾಯಿತು.

ಸೋಮವಾರ, ಸೆಪ್ಟೆಂಬರ್ 13. ಬೆಳಗ್ಗೆ ಕೊನೆಯ ಗಡುವಿನ ಕಾಗದ ಒಳಬಂತು. ಉತ್ತರವಾಗಿ ಕೈದಿಗಳು ಎಂಟು ಒತ್ತೆಯಾಳುಗಳ ಕಣ್ಣು ಕಟ್ಟಿ ಸುರಂಗದ ಮೇಲ್ಚಾವಣಿಯ ದಾರಿಗೆ ಹತ್ತಿಸಿ, ಕುತ್ತಿಗೆಗೆ ಚಾಕು ಹಿಡಿದು ನಿಂತರು. ಗೋಡೆಯಾಚೆಯವರು ನೋಡಲಿ, ಹೆದರಲಿ, ಒಳಗೆ ಬಾರದಿರಲಿ ಎಂಬ ಆಸೆ. ಆ ಎಂಟರಲ್ಲಿ ಸ್ಮಿತ್ ಒಬ್ಬ. ಅವನ ಪಕ್ಕ ಚಾಕು ಹಿಡಿದು ನಿಂತವನು ನೋಬಲ್! ಗುರುವಾರ ಉಳಿಸಿದ ಕೈ ಅದು. ಇಬ್ಬರೂ ಪಿಸುದನಿಯಲ್ಲಿ ಮಾತಾಡಿಕೊಂಡರು. ನಮ್ಮಲ್ಲಿ ಯಾರು ಉಳಿದರೂ ಇನ್ನೊಬ್ಬನ ಮನೆಯವರಿಗೆ ಸುದ್ದಿ ಮುಟ್ಟಿಸಬೇಕು.

9 ಗಂಟೆ 46 ನಿಮಿಷ. ಹೆಲಿಕಾಪ್ಟರ್ ಗೋಡೆ ದಾಟಿತು. ಅಶ್ರುವಾಯುವಿನ ಬಿಳಿ ಪುಡಿ ಅಂಗಳಕ್ಕೆ ಸುರಿಯಿತು. ಜನ ಕೆಮ್ಮಿದರು, ವಾಂತಿ ಮಾಡಿದರು, ಕೆಸರಿಗೆ ಬಿದ್ದರು. ಅದರ ಹಿಂದೆಯೇ ಚಾವಣಿಗಳಿಂದ ಸರಕಾರದ ಪಡೆಯ ಗುಂಡಿನ ಮಳೆ. ಕೈದಿಗಳ ಹತ್ತಿರ ಒಂದು ಬಂದೂಕೂ ಇರಲಿಲ್ಲ. ಮೇಲಿನವರ ಹತ್ತಿರ ರೈಫಲ್ಲುಗಳೂ ಚದುರುಗುಂಡಿನ ಬಂದೂಕುಗಳೂ ಇದ್ದವು. ಯಾವ ಬಂದೂಕು ಯಾರ ಕೈಲಿದೆ ಎಂದು ಸರಿಯಾಗಿ ಬರೆದುಕೊಂಡಿರಲಿಲ್ಲ. ಹೊಗೆಯಲ್ಲಿ, ಮಳೆಯಲ್ಲಿ, ಒಂದೇ ಬಟ್ಟೆ ತೊಟ್ಟವರಲ್ಲಿ ಕೈದಿ ಯಾರು, ವಾರ್ಡರ್ ಯಾರು? ಗುಂಡಿಗೆ ಗುರುತು ಸಿಗಲಿಲ್ಲ. ಚಾವಣಿಯ ಮೇಲೆ ನೋಬಲ್ ಸ್ಮಿತ್‌ನನ್ನು ಹಿಡಿದು ತನ್ನತ್ತ ಎಳೆದುಕೊಂಡ. ಇಬ್ಬರೂ ಗುಂಡು ತಿಂದು ಬಿದ್ದರು. ಸ್ಮಿತ್‌ನ ಹೊಟ್ಟೆಯಲ್ಲಿ ನಾಲ್ಕು ಗುಂಡು. ಆದರೂ ಜೀವ ಹೋಗಲಿಲ್ಲ. ಆ ಎಳೆತವೇ ನನ್ನನ್ನು ಉಳಿಸಿತು ಎಂದು ಸ್ಮಿತ್ ದಶಕಗಳ ಮೇಲೂ ಹೇಳುತ್ತಿದ್ದ.

ಕೆಲವೇ ನಿಮಿಷ. ಆಮೇಲೆ ಹೆಲಿಕಾಪ್ಟರಿನ ಧ್ವನಿವರ್ಧಕ ಕೂಗುತ್ತಲೇ ಇತ್ತು, ಕೈ ಎತ್ತಿ ಶರಣಾಗಿ, ಯಾರಿಗೂ ಏನೂ ಮಾಡುವುದಿಲ್ಲ. ಆ ಮಾತು ಉಳಿಯಲಿಲ್ಲ. ಬದುಕಿದವರ ಬಟ್ಟೆ ಬಿಚ್ಚಿಸಿ, ಕೆಸರಲ್ಲಿ ತೆವಳಿಸಿ, ಒಡೆದ ಗಾಜಿನ ಮೇಲೆ ಎರಡು ಸಾಲು ಲಾಠಿಗಳ ನಡುವೆ ಓಡಿಸಿದರು. ಫ್ರಾಂಕ್ ಸ್ಮಿತ್ ಎಂಬ ಕೈದಿಯನ್ನು ಬತ್ತಲೆಯಾಗಿ ಮೇಜಿನ ಮೇಲೆ ಮಲಗಿಸಿ, ಗದ್ದದ ಕೆಳಗೆ ಫುಟ್‌ಬಾಲ್ ಇಟ್ಟು, ಅದು ಜಾರಿದರೆ ನಿನ್ನ ಪ್ರಾಣ ಹೋಯಿತು ಎಂದು ಗಂಟೆಗಟ್ಟಲೆ ಹಿಂಸಿಸಿದರು. ಮಾತಾಡಿದ ಹುಡುಗ ಬಾರ್ಕ್ಲಿ ಸತ್ತವರಲ್ಲಿದ್ದ.

ಆ ದಾಳಿಗೆ ಬಲಿಯಾದವರು 39 ಮಂದಿ: 29 ಕೈದಿಗಳು, 10 ಒತ್ತೆಯಾಳುಗಳು. ಕ್ವಿನ್‌ನನ್ನೂ, ಸಹಕೈದಿಗಳ ಕೈಯಲ್ಲೇ ಸತ್ತ ಮೂವರನ್ನೂ ಸೇರಿಸಿದರೆ 43. ಅಧಿಕಾರಿಗಳು ಸಂಜೆಯೊಳಗೆ ಪತ್ರಿಕೆಗಳಿಗೆ ಹೇಳಿದ್ದು: ಕೈದಿಗಳು ಒತ್ತೆಯಾಳುಗಳ ಕತ್ತು ಕೊಯ್ದರು. ಮರುದಿನದ ತಲೆಬರಹಗಳೆಲ್ಲ ಅದೇ. ಆದರೆ ಹೆಣಗಳು ಮನ್ರೋ ಕೌಂಟಿಯ ಶವಪರೀಕ್ಷೆಯ ವೈದ್ಯ ಜಾನ್ ಎಡ್‌ಲ್ಯಾಂಡ್‌ನ ಮೇಜಿಗೆ ಬಂದಿದ್ದವು. ಆತ ರಾತ್ರಿಯಿಡೀ ನಿಂತು ಒಂದೊಂದೇ ದೇಹ ತೆರೆದು ನೋಡಿದ. ಒತ್ತೆಯಾಳುಗಳಲ್ಲಿ ಯಾರ ಪ್ರಾಣವೂ ಕತ್ತಿನ ಗಾಯದಿಂದ ಹೋಗಿರಲಿಲ್ಲ. ಎಲ್ಲರೂ ಸತ್ತದ್ದು ಗುಂಡಿಗೆ, ಗುಂಡು ಇದ್ದದ್ದು ಸರಕಾರದ ಕಡೆ ಮಾತ್ರ. ಆತ ಇದ್ದದ್ದನ್ನು ಇದ್ದಂತೆ ಹೇಳಿದ. ಅದಕ್ಕೆ ಅವನಿಗೆ ಸಿಕ್ಕದ್ದು ಬೈಗುಳ, ಬೆದರಿಕೆ. ಬೇರೆ ವೈದ್ಯರನ್ನು ಕರೆಸಿ ಮತ್ತೆ ನೋಡಿಸಿದರು. ಅವರೂ ಅದನ್ನೇ ಹೇಳಿದರು. ಈ ಇಡೀ ಕಥೆಯಲ್ಲಿ ಗೋಡೆಯ ಹೊರಗಿನ ಒಬ್ಬ ಧೀರನನ್ನು ಹೆಸರಿಸಿ ಎಂದರೆ ನಾನು ಈ ವೈದ್ಯನನ್ನು ಹೆಸರಿಸುತ್ತೇನೆ.

ಸತ್ತ ವಾರ್ಡರುಗಳ ಹೆಂಡಂದಿರಿಗೆ ಸರಕಾರ ಸಣ್ಣ ಮೊತ್ತದ ಚೆಕ್ ಕಳಿಸಿತು. ಮನೆ ನಡೆಯಬೇಕಲ್ಲ, ಅವರು ಅದನ್ನು ನಗದು ಮಾಡಿಸಿಕೊಂಡರು. ಅಲ್ಲಿಗೆ ಸರಕಾರದ ಮೇಲೆ ದಾವೆ ಹೂಡುವ ಹಕ್ಕು ಹೋಯಿತು ಎಂಬುದು ಅವರಿಗೆ ಗೊತ್ತಾದದ್ದು ಆಮೇಲೆ. ಕೈದಿಗಳ ದಾವೆ ಸುಮಾರು ಮೂರು ದಶಕ ಎಳೆದು 2000ದಲ್ಲಿ 80 ಲಕ್ಷ ಡಾಲರಿನ ರಾಜಿಯಲ್ಲಿ ಮುಗಿಯಿತು. ವಾರ್ಡರುಗಳ ಕುಟುಂಬಗಳಿಗೆ 2005ರಲ್ಲಿ 1 ಕೋಟಿ 20 ಲಕ್ಷ ಡಾಲರ್. ಆ ಕುಟುಂಬಗಳು ಕೇಳಿದ್ದು ಬರೀ ಹಣವಲ್ಲ. ಸರಕಾರ ಕ್ಷಮೆ ಕೇಳಲಿ, ಮುಚ್ಚಿಟ್ಟ ಕಡತ ಬಿಚ್ಚಲಿ ಎಂದಿದ್ದರು. ಹಾಗೆ ಕೇಳುತ್ತ ಅವರ ಜೊತೆ ನಿಂತವರಲ್ಲಿ ಹೊಟ್ಟೆಯಲ್ಲಿ ನಾಲ್ಕು ಗುಂಡು ತಿಂದ ಮೈಕಲ್ ಸ್ಮಿತ್ ಇದ್ದ.

ಅಟಿಕಾ ಜೈಲಿನ ಮುಂಬಾಗಿಲ ಹುಲ್ಲಿನ ಮೇಲೆ ಒಂದು ಸ್ಮಾರಕದ ಕಲ್ಲು ನಿಲ್ಲಿಸಿದ್ದಾರೆ. ಸತ್ತ ನೌಕರರ ಹೆಸರುಗಳು ಅದರ ಮೇಲಿವೆ. ಅಂಗಳದಲ್ಲಿ ಅದೇ ಬಟ್ಟೆ ತೊಟ್ಟು ಅದೇ ಗುಂಡಿಗೆ ಬಿದ್ದ ಕೈದಿಗಳ ಹೆಸರು ಅದರಲ್ಲಿ ಒಂದೂ ಇಲ್ಲ.