ಕನ್ನಡಿಯಿಂದ ಇಳಿದು ಬಂದವನು

ಮಾಯ-ಮಂತ್ರದ ಚಿತ್ರ ಅಂದ್ರೆ ನಮ್ಮ ಕಣ್ಣಿಗೆ ಬರೋದು ಏನು? ಗಡ್ಡದ ಮಾಂತ್ರಿಕ, ತಲೆಬುರುಡೆ, ಹೊಗೆ, ರಾಜಕುಮಾರಿ ಗಿಳಿಯಾಗೋದು. ನಮ್ಮ ಉಡುಪಿ ಕಡೆಯ ಬಿ. ವಿಠಲಾಚಾರ್ಯರು ತೆಲುಗಿಗೆ ಹೋಗಿ ಇಂಥ ಚಿತ್ರಗಳನ್ನು ಸಾಲುಸಾಲಾಗಿ ತೆಗೆದರು. ನಾನಿವತ್ತು ಹೇಳಹೊರಟಿರುವ ವಿದ್ಯೆಗೆ ಹೊಗೆಯೂ ಬೇಡ, ಬುರುಡೆಯೂ ಬೇಡ. ಒಂದು ನಿಲುವುಗನ್ನಡಿ ಸಾಕು. ಆದರೆ ಇಷ್ಟು ಅಪಾಯದ ವಿದ್ಯೆಯನ್ನು ನಾನು ಬೇರೆ ಯಾವ ಚಿತ್ರದಲ್ಲೂ ಕಂಡಿಲ್ಲ.

ಚಿತ್ರ 'ದಿ ಸ್ಟೂಡೆಂಟ್ ಆಫ್ ಪ್ರಾಗ್'. ಜರ್ಮನಿಯ ಮೂಕಿ, 1913ರದು. ಫಾಲ್ಕೆಯವರ 'ರಾಜಾ ಹರಿಶ್ಚಂದ್ರ' ತೆರೆ ಕಂಡ ವರ್ಷವೇ! ನಿರ್ದೇಶಕ ಸ್ಟೆಲ್ಲನ್ ರೈ, ಕತೆ ಹಾನ್ಸ್ ಹೈಂಜ್ ಎವರ್ಸ್, ನಾಯಕ ಪಾಲ್ ವೆಗೆನರ್. ಗೆಳೆಯನ ರೂಮಿನಲ್ಲಿ ಲ್ಯಾಪ್‌ಟಾಪ್ ಇಟ್ಟುಕೊಂಡು ನೋಡಿದೆ. ಗೆಳೆಯ ಅರ್ಧಕ್ಕೇ ನಿದ್ದೆ ಹೋದ. ನನಗೆ ಅವತ್ತು ನಿದ್ದೆ ಬರಲಿಲ್ಲ.

ಬಾಲ್ಡುಯಿನ್ ಅಂತ ಒಬ್ಬ ವಿದ್ಯಾರ್ಥಿ. ಪ್ರಾಗ್ ಊರಿಗೇ ದೊಡ್ಡ ಕತ್ತಿವರಸೆಗಾರ. ಜೇಬು ಮಾತ್ರ ಖಾಲಿ. ಸ್ಕಾಪಿನೆಲ್ಲಿ ಅನ್ನೋ ಮುದುಕ ಅವನ ರೂಮಿಗೆ ಬಂದು ಒಂದು ಲಕ್ಷ ಚಿನ್ನದ ನಾಣ್ಯದ ಆಸೆ ತೋರಿಸ್ತಾನೆ. ಷರತ್ತು ಇಷ್ಟೇ: ಈ ರೂಮಿನಿಂದ ನನಗೆ ಬೇಕಾದ್ದನ್ನು ತಗೊಂಡು ಹೋಗ್ತೀನಿ. ಹುಡುಗ ಸುತ್ತ ನೋಡ್ತಾನೆ. ಬರಿಗೋಡೆ. ನಗ್ತಾ ಸಹಿ ಹಾಕ್ತಾನೆ. ಆಗ ಮುದುಕ ಕನ್ನಡಿ ಕಡೆ ಬೆರಳು ತೋರಿಸ್ತಾನೆ ನೋಡಿ… ಅದರೊಳಗಿನ ಬಾಲ್ಡುಯಿನ್ ಕಾಲೆತ್ತಿ ಹೊರಗಿಟ್ಟು, ನೆಲಕ್ಕಿಳಿದು, ಮುದುಕನ ಹಿಂದೆ ಬಾಗಿಲು ದಾಟಿ ಹೋಗ್ತಾನೆ. ಹಿನ್ನೆಲೆ ಸಂಗೀತದ ಅಬ್ಬರ ಇಲ್ಲ, ಮಿಂಚು-ಗುಡುಗು ಇಲ್ಲ. ಪಕ್ಕದ ಮನೆಗೆ ಹೋಗೋ ಹಾಗೆ ಹೋಗ್ತಾನೆ. ಅದಕ್ಕೇ ಮೈ ಜುಮ್ಮೆನ್ನೋದು.

ಈ ವಿದ್ಯೆಯ ನಿಯಮ ಏನು ಅಂತ ಚಿತ್ರದಲ್ಲಿ ಯಾರೂ ಭಾಷಣ ಬಿಗಿಯೋದಿಲ್ಲ. ನೋಡ್ತಾ ನೋಡ್ತಾ ನಮಗೇ ತಿಳಿಯುತ್ತೆ. ಕನ್ನಡಿಯೊಳಗಿನವನಿಗೆ ನಿಮ್ಮದೇ ಮುಖ, ನಿಮ್ಮದೇ ಕೈಚಳಕ. ಆದರೆ ನಿಮ್ಮ ಬಲ ಅವನಿಗೆ ಎಡ. ಬಾಲ್ಡುಯಿನ್‌ಗೆ ಒಬ್ಬ ಶ್ರೀಮಂತನ ಜೊತೆ ಕತ್ತಿಕಾಳಗ ಗೊತ್ತಾಗಿರುತ್ತೆ. ಅವನನ್ನು ಕೊಲ್ಲೋದಿಲ್ಲ ಅಂತ ಹುಡುಗಿಯ ತಂದೆಗೆ ಮಾತು ಕೊಟ್ಟು ಹೊರಡ್ತಾನೆ. ದಾರಿಯಲ್ಲಿ ಎದುರಿಗೆ ಬರೋನು ಯಾರು? ಅವನೇ! ಕೆಲಸ ಮುಗಿಸಿ ಕತ್ತಿಯ ರಕ್ತ ಒರೆಸಿಕೊಂಡು ವಾಪಸ್ ಬರ್ತಿದ್ದಾನೆ. ಮಾತು ಕೊಟ್ಟವನು ಈತ, ಮಾತು ಮುರಿದವನು ಆತ. ಜನ ಶಪಿಸೋದು ಯಾರನ್ನ, ನೀವೇ ಹೇಳಿ.

ಕೊನೆಗೆ ಬಾಲ್ಡುಯಿನ್ ಪಿಸ್ತೂಲು ತೆಗೆದು ಆ ಇನ್ನೊಬ್ಬನಿಗೆ ಗುಂಡು ಹೊಡೀತಾನೆ. ಅವನು ಮಾಯ. ರಕ್ತ ಬರೋದು ಮಾತ್ರ ಇವನ ಎದೆಯಿಂದ. ಸ್ಕಾಪಿನೆಲ್ಲಿ ಬಂದು ಕರಾರುಪತ್ರ ಹರಿದು ಹೆಣದ ಮೇಲೆ ಚೆಲ್ಲಿ ಹೋಗ್ತಾನೆ.

ಗೀಡೊ ಸೀಬರ್ ಅನ್ನೋ ಛಾಯಾಗ್ರಾಹಕ ಇದನ್ನೆಲ್ಲ ಕ್ಯಾಮೆರಾದೊಳಗೇ ಮಾಡಿದ. ಫ್ರೇಮಿನ ಅರ್ಧ ಭಾಗ ಮುಚ್ಚಿ, ವೆಗೆನರ್‌ನನ್ನು ಒಂದು ಕಡೆ ನಿಲ್ಲಿಸಿ ಕೈಯಿಂದ ತಿರುಗಿಸಿ ಚಿತ್ರೀಕರಣ. ಆಮೇಲೆ ಅದೇ ಫಿಲ್ಮನ್ನು ಹಿಂದಕ್ಕೆ ಸುತ್ತಿ, ಮುಚ್ಚಿದ್ದನ್ನು ತೆರೆದು, ತೆಗೆದದ್ದನ್ನು ಮುಚ್ಚಿ, ವೆಗೆನರ್‌ನನ್ನು ಇನ್ನೊಂದು ಕಡೆ ನಿಲ್ಲಿಸಿ ಮತ್ತೊಮ್ಮೆ. ಕ್ಯಾಮೆರಾ ಕೂದಲೆಳೆ ಅಲುಗಿದರೂ, ನಟ ನಡುಗೆರೆ ದಾಟಿದರೂ ಇಡೀ ಶಾಟ್ ಹಾಳು. ದ್ವಿಪಾತ್ರ ಅಂದ ಕೂಡಲೇ ಶಿಳ್ಳೆ ಹೊಡೆಯೋರು ನಾವು. 1977ರ 'ಬಭ್ರುವಾಹನ'ದಲ್ಲಿ ಅಣ್ಣಾವ್ರು ಅರ್ಜುನನಾಗಿ, ಬಭ್ರುವಾಹನನಾಗಿ ಎದುರುಬದುರು ನಿಂತು ಗುಡುಗಿದಾಗ ಟಾಕೀಸಿನ ಗೋಡೆಗಳು ಉಳಿದದ್ದೇ ಹೆಚ್ಚು ಅಂತ ಹಿರಿಯರು ಈಗಲೂ ಹೇಳ್ತಾರೆ. ಆ ಶಿಳ್ಳೆಗೆ ಅಡಿಪಾಯ ಹಾಕಿದವರಲ್ಲಿ ಸೀಬರ್ ಒಬ್ಬ.

ಇಷ್ಟೇ ಆಗಿದ್ರೆ ಒಳ್ಳೇ ಹಳೇ ಚಿತ್ರ ಅಂತ ಹೇಳಿ ಸುಮ್ಮನಾಗ್ತಿದ್ದೆ. ನನಗೆ ನಿದ್ದೆ ಬಾರದ ಕಾರಣ ಬೇರೆ.

ಪಿಯುಸಿ ಅರ್ಧಕ್ಕೆ ಬಿಟ್ಟವನು ನಾನು. ಲೇಖನಕ್ಕೆ ಇಷ್ಟು ಅಂತ ಕೊಟ್ಟರೆ ಉಂಟು, ಇಲ್ಲದಿದ್ರೆ ಇಲ್ಲ. ಮೂರು ವರ್ಷದ ಹಿಂದೆ ಒಬ್ಬ ನಟರ ಜೀವನಕಥೆಯನ್ನು ಕಂತುಕಂತಾಗಿ ಬರೆದುಕೊಟ್ಟೆ. ಹೆಸರು ಬೇಡ. 'ನಾನು' ಅಂತ ಬರೆಯೋನು ನಾನು, ಸಹಿ ಮತ್ತು ಫೋಟೋ ಅವರದು. ದುಡ್ಡು ಬಂತು, ರೂಮಿನ ಬಾಡಿಗೆ ಕಟ್ಟಿದೆ, ಅದರಲ್ಲಿ ನನ್ನದೇನೂ ತಕರಾರಿಲ್ಲ. ಅವರ ತಂದೆ ತೀರಿಕೊಂಡ ಕಂತು ಬಂದಾಗ ಕೇಳಿದೆ. "ತುಂಬಾ ದುಃಖ ಆಯ್ತು, ಹಾಕಿಕೊಳ್ಳಪ್ಪ" ಅಂದರು. ಅಷ್ಟೇ! ಎರಡು ಪುಟ ತುಂಬಬೇಕಲ್ಲ? ನಮ್ಮಪ್ಪನ ಸಾವನ್ನು ಹಾಕಿದೆ. ನಮ್ಮಪ್ಪ ಟೈಲರ್. ಕೊನೇ ದಿನ ಪ್ರಜ್ಞೆ ಇರಲಿಲ್ಲ, ಆದರೂ ಅವರ ಬಲಗೈ ಆಸ್ಪತ್ರೆ ಹೊದಿಕೆಯ ಅಂಚನ್ನು ಹಿಡಿದು ಮಡಚ್ತಾನೇ ಇತ್ತು, ಪ್ಯಾಂಟಿನ ಕಾಲು ಮಡಚಿ ಹೊಲಿಗೆಗೆ ಇಡೋ ಹಾಗೆ. ನಟರ ತಂದೆಯದು ಬಟ್ಟೆ ಅಂಗಡಿ. ಹೊಂದಿಕೊಂಡಿತು.

ಆ ಕಂತು ಜನಕ್ಕೆ ಹಿಡಿಸಿತು. ಬಸ್‌ಸ್ಟ್ಯಾಂಡಿನ ಬೆಂಚಿನ ಮೇಲೆ ಒಬ್ಬರು ಅದನ್ನೋದಿ ಕಣ್ಣೊರೆಸಿಕೊಂಡದ್ದನ್ನು ನಾನೇ ನೋಡಿದೆ. ಆರು ತಿಂಗಳಾದ ಮೇಲೆ ಟಿವಿ ಸಂದರ್ಶನದಲ್ಲಿ ಅದೇ ನಟರು ಆ ಮಡಚುವ ಕೈಯ ಕತೆ ಹೇಳಿ ಗದ್ಗದರಾದರು. ನಟನೆ ಅಲ್ಲ, ಸ್ವಾಮಿ. ಅವರಿಗೆ ನಿಜವಾಗಿ ನೆನಪಾಗ್ತಿತ್ತು! ಕಳೆದ ವರ್ಷ ಅಪ್ಪನ ತಿಥಿಗೆ ಊರಿಗೆ ಹೋದಾಗ ಊಟಕ್ಕೆ ಕೂತು ನಾನು ಆ ಮಾತು ತೆಗೆದೆ. ಚಿಕ್ಕಮ್ಮನ ಮಗ ಪಾಯಸ ಸುರೀತಾ ಅಂದ: "ಅದು ಅವರ ಅಪ್ಪಂದಲ್ವೇನೋ? ಟಿವೀಲಿ ಹೇಳಿದ್ರಲ್ಲ."

ಬಾಲ್ಡುಯಿನ್ ತನ್ನದೇ ದಾರಿಯಲ್ಲಿ ತನ್ನನ್ನೇ ಎದುರಾಗುವ ದೃಶ್ಯ ಬಂದಾಗ ನನಗೆ ನೆನಪಾದದ್ದು ಆ ಪಾಯಸ.

ಇದು ನನ್ನೊಬ್ಬನ ಪಾಡು ಅಂತ ತಿಳೀಬೇಡಿ. ಸಾಹಸಸಿಂಹ ವಿಷ್ಣುವರ್ಧನ್ ತೀರಿಕೊಂಡದ್ದು 2009ರ ಡಿಸೆಂಬರ್ 30ಕ್ಕೆ. 2016ರಲ್ಲಿ ಕೋಡಿ ರಾಮಕೃಷ್ಣ ನಿರ್ದೇಶನದ 'ನಾಗರಹಾವು' ಬಂತಲ್ಲ, ಪುಟ್ಟಣ್ಣನವರ 1972ರ ರಾಮಾಚಾರಿಯ ಚಿತ್ರ ಅಲ್ಲ, ಅದೇ ಹೆಸರಿನದು, ಅದರಲ್ಲಿ ಕಂಪ್ಯೂಟರ್ ಗ್ರಾಫಿಕ್ಸ್‌ನಿಂದ ಅವರನ್ನು ತೆರೆಗೆ ತಂದರು. ನಾನೂ ಹೋಗಿದ್ದೆ. ಆ ಮುಖ ಬಂದಾಗ ಗಂಟಲು ಹರಿಯೋ ಹಾಗೆ ಕೂಗಿದೆ. ಪ್ರೀತಿಯ ಕೂಗು ಅದು, ಈಗಲೂ ಕೂಗ್ತೀನಿ. ಆದರೆ ಆ ವಿಷ್ಣು ಏನು ಮಾಡಬೇಕು, ಏನು ಮಾಡಬಾರದು ಅನ್ನೋದನ್ನು ಹೇಳೋಕೆ ನಮ್ಮ ವಿಷ್ಣು ಇರಲಿಲ್ಲ.

ಇದ್ದವರು ಎಚ್ಚೆತ್ತಿದ್ದಾರೆ. 2023ರಲ್ಲಿ ಹಾಲಿವುಡ್ ನಟರು 118 ದಿನ ಮುಷ್ಕರ ಹೂಡಿದರು. ನಮ್ಮ ಮುಖದ ನಕಲು ತೆಗೆಯೋ ಮೊದಲು ನಮ್ಮನ್ನು ಕೇಳಿ, ದುಡ್ಡು ಕೊಡಿ ಅನ್ನೋದೂ ಅವರ ಬೇಡಿಕೆಗಳಲ್ಲಿ ಒಂದು. ಅದೇ ವರ್ಷ ಅನಿಲ್ ಕಪೂರ್ ತಮ್ಮ ಮುಖ, ದನಿಗಳನ್ನು ಯಾರೂ ಕದಿಯಬಾರದು ಅಂತ ದೆಹಲಿ ಹೈಕೋರ್ಟಿನಿಂದ ಆಜ್ಞೆ ತಂದರು. ದೊಡ್ಡವರಿಗೆ ವಕೀಲರಿದ್ದಾರೆ. ಗುಂಪಿನಲ್ಲಿ ನಿಲ್ಲೋ ಜೂನಿಯರ್ ಆರ್ಟಿಸ್ಟು ಬರಿಗೋಡೆಯ ರೂಮು ನೋಡಿಕೊಂಡು ಸಹಿ ಹಾಕೋನೇ ಅಲ್ಲವೇ?

ಮೊನ್ನೆ ಇನ್ನೊಬ್ಬ ನಟರ ಕಡೆಯಿಂದ ಫೋನ್ ಬಂದಿದೆ. ಹನ್ನೆರಡು ಕಂತು, ಒಳ್ಳೇ ಸಂಭಾವನೆ. ಒಪ್ಪಿಕೊಂಡೆ. ತಾಯಿಯ ಮೇಲೆ ಒಂದು ಕಂತು ಕಣ್ಣೀರು ಬರೋ ಹಾಗೆ ಇರಬೇಕಂತೆ. "ಅವರನ್ನೇ ಎರಡು ಗಂಟೆ ಕೂರಿಸಿ ಕೇಳ್ತೀನಿ, ಅವರು ಹೇಳಿದಷ್ಟೇ ಬರೀತೀನಿ" ಅಂದೆ. ಆ ಕಡೆಯವರು ನಕ್ಕರು. ನಮ್ಮಮ್ಮ ಊರಲ್ಲಿದ್ದಾಳೆ, ಅಪ್ಪನ ಮಿಷನ್ ಮುಂದೆ ಕೂತು ಈಗಲೂ ರವಿಕೆ ಹೊಲೀತಾಳೆ. ಅವಳನ್ನು ಕೊಡೋಲ್ಲ.