ಮಂಗಳನಲ್ಲಿ ಆಟಿ ಎಷ್ಟು ದಿನ?

ಮೊನ್ನೆ ಶನಿವಾರ ಮೊಮ್ಮಗಳು ನೋಟ್‌ಬುಕ್ ಹಿಡಿದುಕೊಂಡು ಬಂದಳು. ಏಳನೇ ಕ್ಲಾಸು. ಭೂಮಿ ಬಿಟ್ಟು ತಲೆಮಾರುಗಟ್ಟಲೆ ಆಕಾಶನೌಕೆಯಲ್ಲೇ ಬದುಕುವ ಜನರ ಕತೆ ಬರೆಯುತ್ತಿದ್ದಾಳೆ. ಅವರಿಗೊಂದು ಕ್ಯಾಲೆಂಡರ್ ಬೇಕಂತೆ. "ಅಜ್ಜ, ವರ್ಷಕ್ಕೆ ಹತ್ತು ತಿಂಗಳು, ತಿಂಗಳಿಗೆ ನೂರು ದಿನ. ಹೊರಟ ದಿನವೇ ಒಂದನೇ ತಾರೀಕು. ಸರಿ ಅಲ್ವಾ?"

ಲೆಕ್ಕವೇನೋ ಸರಿ. ಆದರೆ ನನ್ನ ಬಾಯಿಗೆ ಬಂದದ್ದು ಬೇರೆಯೇ. "ಅವರ ಅಜ್ಜಿ ಭೂಮಿಯಲ್ಲಿ ತೀರಿಕೊಂಡ ದಿನವನ್ನು ಇದರಲ್ಲಿ ಎಲ್ಲಿ ಹಾಕ್ತೀ?"

ಹುಡುಗಿ ಪೆನ್ಸಿಲ್ ಕಚ್ಚುತ್ತಾ ಕೂತಳು. ಕಿಟಕಿಯ ಕೆಳಗೆ ಘೋಡಬಂದರ್ ರಸ್ತೆಯ ಲಾರಿಗಳು ಎಂದಿನಂತೆ ಹಾರ್ನ್ ಹೊಡೆಯುತ್ತಿದ್ದವು.

ಹಾಗೆ ಕೇಳಿದ್ದಕ್ಕೆ ಕಾರಣವಿದೆ. ನಾನು ಹದಿನೇಳನೇ ವಯಸ್ಸಿಗೆ ಊರು ಬಿಟ್ಟು ಮುಂಬಯಿಗೆ ಬಂದವ. ಮನೆ ಮಾಡಿದ ಮೇಲೆ ಅಮ್ಮನನ್ನೂ ಕರೆಸಿಕೊಂಡೆ. ಅಡುಗೆಮನೆಯ ಗೋಡೆಯಲ್ಲಿ ಎಲ್ಲರ ಮನೆಯಂತೆ ಕಾಲನಿರ್ಣಯ. 1973ರಲ್ಲಿ ಜಯಂತರಾವ್ ಸಾಳಗಾಂವಕರರು ಶುರು ಮಾಡಿದ್ದು. ಹಾಲಿನವನ ಲೆಕ್ಕದಿಂದ ಸಂಕಷ್ಟಿಯ ಚಂದ್ರೋದಯದವರೆಗೆ ಎಲ್ಲ ಅದರಲ್ಲೇ. ಆದರೆ ಅಮ್ಮನ ತಿಂಗಳುಗಳು ಅದರಲ್ಲಿರಲಿಲ್ಲ. ಪಗ್ಗು, ಬೇಶ, ಕಾರ್ತೆಲ್, ಆಟಿ, ಸೋಣ... ಅವಳು ಸಂಕ್ರಮಣ ನೋಡಿ, ಮರುದಿನದ ಚೌಕದ ಮೂಲೆಯಲ್ಲಿ ಪೆನ್ಸಿಲಿನಿಂದ ಸಣ್ಣಕ್ಕೆ 'ಆಟಿ 1' ಎಂದು ಬರೆದಿಡುತ್ತಿದ್ದಳು. ಆಮೇಲೆ ದಿನಾ ಒಂದೊಂದು ಅಂಕಿ. 2005ರ ಜುಲೈ 26ರ ಮಳೆಯನ್ನು ಮುಂಬಯಿಯವರೆಲ್ಲ ತಾರೀಕು ಹಿಡಿದೇ ನೆನಪಿಡುತ್ತಾರೆ. ಅಮ್ಮನಿಗೆ ಅದು ಕೊನೆಯವರೆಗೂ 'ಆಟಿ ಹತ್ತರ ಮಳೆ'.

(ನನ್ನ ಹುಟ್ಟಿನ ಕತೆಯೂ ಇಷ್ಟೇ. 1955ರ ಪತ್ತನಾಜೆಯ ಮರುದಿನ, ಅಂದರೆ ಬೇಶ ಹನ್ನೊಂದು. ಯಕ್ಷಗಾನದವರು ಗೆಜ್ಜೆ ಬಿಚ್ಚಿ ಮನೆಗೆ ಬಂದ ದಿನ ಅಂತ ಅಮ್ಮ ಹೇಳಿದರೆ, ಶಾಲೆಯ ಮೇಷ್ಟ್ರು ಜೂನ್ 1 ಅಂತ ಬರೆದುಕೊಂಡರು. ಪಾಸ್‌ಪೋರ್ಟಿನಲ್ಲೂ ಅದೇ ಇದೆ!)

ಅಮ್ಮ ಹೋದದ್ದು ಆಟಿ ಹದಿನಾಲ್ಕಕ್ಕೆ. ಆಟಿಯಲ್ಲಿ ಹೋದವರಿಗೆಲ್ಲ ಎಲೆ ಹಾಕಿ ಬಡಿಸುವ ಕ್ರಮ ನಮ್ಮಲ್ಲಿ ಹೇಗೂ ಉಂಟು. ಕೆಲವು ವರ್ಷ ನಾನೂ ಪೆನ್ಸಿಲ್ ಹಿಡಿದೆ. ಆಮೇಲೆ ಬಿಟ್ಟುಹೋಯಿತು. ಹೋದ ವರ್ಷ ಫುಟ್‌ಪಾತಿನಲ್ಲಿ ಯೇವೂರು ಕಡೆಯ ಹೆಂಗಸು ಟಾಕಳಾ ಸೊಪ್ಪು ಮಾರುತ್ತಿದ್ದಳು. ಊರಲ್ಲಿ ನಾವು ತಜಂಕ್ ಅನ್ನುವುದು ಅದನ್ನೇ, ಆಟಿಯ ಸೊಪ್ಪು. ಒಂದು ಕಟ್ಟು ಕೈಗೆತ್ತಿಕೊಂಡವನು ಬೆರಳು ಮಡಿಸಿ ಎಣಿಸಿದೆ. ಹದಿನಾರು. ಅಮ್ಮನ ದಿನ ಹೋಗಿ ಎರಡು ದಿನವಾಗಿತ್ತು. ಮನೆಗೆ ಬಂದು ಯಾರಿಗೂ ಹೇಳಲಿಲ್ಲ.

ಇರಲಿ. ಮೊಮ್ಮಗಳ ನೌಕೆಗೆ ಬರುತ್ತೇನೆ. ಇಬ್ಬರೂ ಕಂಪ್ಯೂಟರ್ ಮುಂದೆ ಕೂತು ಹುಡುಕಿದೆವು. ಇಂಥ ಕೆಲಸ ಮಾಡಿದವರು ನಿಜವಾಗಿಯೂ ಇದ್ದಾರೆ! 1985ರಲ್ಲಿ ಥಾಮಸ್ ಗ್ಯಾಂಗೇಲ್ ಎಂಬ ಅಮೆರಿಕದವರು ಮಂಗಳ ಗ್ರಹಕ್ಕೆ ಹೋಗಿ ನೆಲೆಸುವವರಿಗೆಂದು ಕ್ಯಾಲೆಂಡರ್ ಮಾಡಿದ್ದಾರೆ. ಮಗ ಡೇರಿಯಸ್‌ನ ಹೆಸರಲ್ಲಿ 'ಡೇರಿಯನ್'. ಅಲ್ಲಿ ಒಂದು ದಿನವೆಂದರೆ ನಮ್ಮ 24 ಗಂಟೆ 39 ನಿಮಿಷ ಚಿಲ್ಲರೆ. ವರ್ಷಕ್ಕೆ ಅಂಥ 668 ದಿನ, ಕೆಲವೊಮ್ಮೆ 669. ಅದನ್ನು 24 ತಿಂಗಳು ಮಾಡಿ ಹೆಸರಿಟ್ಟದ್ದು ಹೇಗೆ ಗೊತ್ತೇ? ಒಂದು ಲ್ಯಾಟಿನ್, ಒಂದು ಸಂಸ್ಕೃತ. ಸ್ಯಾಜಿಟೇರಿಯಸ್ ಆದ ಮೇಲೆ ಧನುಸ್, ಕ್ಯಾಪ್ರಿಕಾರ್ನಸ್ ಆದ ಮೇಲೆ ಮಕರ! ಒಂದು ತಕರಾರು ಮಾತ್ರ ನನಗಿದೆ. ಪ್ರತಿ ತಿಂಗಳೂ ಭಾನುವಾರವೇ ಶುರುವಾಗಲಿ ಎಂದು 27 ದಿನದ ತಿಂಗಳುಗಳಲ್ಲಿ ಕೊನೆಯ ಶನಿವಾರವನ್ನೇ ಹಾರಿಸಿಬಿಟ್ಟಿದ್ದಾರೆ. ಮುಂಬಯಿಯಲ್ಲಿ ಶನಿಪೂಜೆ ಮಾಡುವ ನಮ್ಮವರನ್ನು ಕೇಳಿ ಮಾಡಬೇಕಿತ್ತು.

ವಿಜ್ಞಾನಿಗಳು ಬಳಸುವ ಲೆಕ್ಕ ಇದಲ್ಲ, ಇನ್ನೂ ಸರಳ. ಮಂಗಳನಲ್ಲಿ ಹಗಲು ರಾತ್ರಿ ಸಮವಾಗುವ ಒಂದು ದಿನದಿಂದ ಸೂರ್ಯನ ಸುತ್ತಲಿನ ದಾರಿಯನ್ನು 30 ಡಿಗ್ರಿಯ ಹನ್ನೆರಡು ಪಾಲು ಮಾಡುತ್ತಾರೆ. ಒಂದು ಪಾಲು ದಾಟಲು ಎಷ್ಟು ದಿನ ಬೇಕೋ ಅಷ್ಟೇ ಆ ತಿಂಗಳು. ನಾನು ಕನ್ನಡಕ ತೆಗೆದು ಒರೆಸಿ ಮತ್ತೆ ಓದಿದೆ. ಇದು ಸಂಕ್ರಮಣವಲ್ಲದೆ ಮತ್ತೇನು ಮಾರಾಯ್ರೇ? ಅಮ್ಮ ಎಣಿಸಿದ್ದೂ ಹೀಗೆಯೇ, ಸೂರ್ಯ ರಾಶಿ ದಾಟಿದ್ದನ್ನು ನೋಡಿ. ದಾರಿ ಪೂರ್ತಿ ವೃತ್ತವಲ್ಲ, ಸೂರ್ಯನ ಹತ್ತಿರ ಬಂದಾಗ ಓಟ ಜೋರು. ಅದಕ್ಕೇ ನಮ್ಮಲ್ಲಿ ಮೂರನೆಯ ತಿಂಗಳು ಕಾರ್ತೆಲ್ ಮೂವತ್ತೊಂದೂವರೆ ದಿನ ದಾಟುತ್ತದೆ, ಒಂಬತ್ತನೆಯ ಪೆರಾರ್ದೆ ಮೂವತ್ತೂ ಇರುವುದಿಲ್ಲ. ಮಂಗಳನಲ್ಲೂ ಉದ್ದ ತಿಂಗಳು ಮೂರನೆಯದು, ಸುಮಾರು 67 ದಿನ. ಗಿಡ್ಡ ತಿಂಗಳು ಒಂಬತ್ತನೆಯದೇ, 46 ದಿನ! ಕಾಕತಾಳೀಯವೇ ಇರಬಹುದು, ಆದರೂ ಕುರ್ಚಿಯಿಂದ ಏಳುವಷ್ಟು ಖುಷಿಯಾಯಿತು.

ಹೆಂಡತಿಯ ಪಕ್ಷ ತಿಥಿಗಳದ್ದು. "ಅಲ್ಲಿ ಏಕಾದಶಿ ಯಾವಾಗ?" ಎಂದು ಅಡುಗೆಮನೆಯಿಂದ ಕೇಳಿದಳು. ಮಂಗಳನಿಗೆ ಎರಡು ಪುಟ್ಟ ಚಂದ್ರರು. ಫೋಬೋಸ್ ಏಳೂಮುಕ್ಕಾಲು ಗಂಟೆಯೊಳಗೆ ಒಂದು ಸುತ್ತು ಮುಗಿಸಿ ಪಶ್ಚಿಮದಲ್ಲಿ ಹುಟ್ಟುತ್ತದೆ. ಅದನ್ನು ನಂಬಿ ಉಪವಾಸ ಮಾಡಿದರೆ ದಿನವೂ ಊಟವಿಲ್ಲ ಎಂದೆ. ಅವಳಿಗೆ ನಗು ಬರಲಿಲ್ಲ.

ಅಂದ ಹಾಗೆ, ಆ ವಿಜ್ಞಾನಿಗಳು ಮಂಗಳನ ಒಂದನೇ ವರ್ಷವನ್ನು 1955ರ ಏಪ್ರಿಲ್ 11ರಿಂದ ಎಣಿಸುತ್ತಾರೆ. ನಮ್ಮ ಬಿಸುವಿಗೆ ಮೂರು ದಿನ ಮೊದಲು. ನಾನೂ ಅದೇ ವರ್ಷದವ. ಇಲ್ಲಿ ಎಪ್ಪತ್ತು ತುಂಬಿದವನಿಗೆ ಅಲ್ಲಿ ಬರೀ ಮೂವತ್ತೇಳು.

ಮೊಮ್ಮಗಳು ನೂರು ದಿನದ ತಿಂಗಳುಗಳನ್ನೆಲ್ಲ ರಬ್ಬರಿನಿಂದ ಅಳಿಸಿದಳು. ನೌಕೆಯವರನ್ನು ಮಂಗಳನಲ್ಲಿ ಇಳಿಸುತ್ತಾಳಂತೆ.

"ಹಾಗಾದ್ರೆ ಅಲ್ಲಿ ಆಟಿ ಎಷ್ಟು ದಿನ ಅಜ್ಜ?"

"ನಾಲ್ಕನೇ ತಿಂಗಳು. ಅರುವತ್ತನಾಲ್ಕು, ಅರುವತ್ತೈದು."

"ಮಳೆ ಇಲ್ವಲ್ಲ ಅಲ್ಲಿ?"

"ಇಲ್ಲ."

"ಆದ್ರೂ ಹದಿನಾಲ್ಕು ಬರ್ತದಲ್ಲ," ಎಂದಳು. ಅಮ್ಮನ ದಿನ ಇವಳಿಗೆ ಯಾರು ಹೇಳಿದರೋ ಗೊತ್ತಿಲ್ಲ. ಆಮೇಲೆ ಇವತ್ತು ಏನು ಅಂತ ಕೇಳಿದಳು. ಬೆರಳು ಮಡಿಸಿ ಕಾರ್ತೆಲ್ ಇಪ್ಪತ್ತು ಎಂದೆ. ಸ್ಟೂಲ್ ಎಳೆದುಕೊಂಡು ಹೋಗಿ ಕಾಲನಿರ್ಣಯದ ಚೌಕದಲ್ಲಿ 20 ಎಂದು ಬರೆದಳು. ಅಕ್ಷರ ಸ್ವಲ್ಪ ದೊಡ್ಡದಾಗಿ, ಹಾಲಿನ ಲೆಕ್ಕದ ಮೇಲೆಯೇ ಬಂತು.